ಇಪ್ಪತ್ತಾರು ತಿಂಗಳ ಸಂಬಳ

“ಕಳ್ಳರು ಮೇಡಂ ಇವರು! ಸತ್ತವರ ದುಡ್ಡನ್ನೂ ನುಂಗಿ ನೀರು ಕುಡಿಯೋ ಕಳ್ಳರು!”

ಮಗ ಮೇಜು ಗುದ್ದಿದ ರಭಸಕ್ಕೆ ಕಾರ್ಮಿಕ ಅಧಿಕಾರಿಯ ಚಹಾ ಲೋಟ ತುಳುಕಿತು. ಎದುರು ಕುರ್ಚಿಯಲ್ಲಿದ್ದ ಪುಸ್ತಕ ಬೈಂಡಿಂಗ್ ಕಾರ್ಖಾನೆಯ ಯಜಮಾನರು ಮಾತ್ರ ಮಿಸುಕಲಿಲ್ಲ. ತೊಡೆಯ ಮೇಲೆ ಒಂದು ದಪ್ಪ ರಿಜಿಸ್ಟರು. ಅದರ ಮೇಲೆ ಅವರ ಎರಡೂ ಕೈ.

“ಕೂಗಾಡಬೇಡಿ. ಮೊದಲು ಅರ್ಜಿಗೆ ಸಹಿ ಹಾಕಿ,” ಎಂದರು ಅಧಿಕಾರಿ.

ಹಾಕಿದ. ಅವನ ಸಹಿಯೆಂದರೆ ಸಾಮಾನ್ಯವೇ! ಮೊದಲ ಅಕ್ಷರಕ್ಕೆ ಹಾವಿನ ಹೆಡೆಯಂಥ ಸುರುಳಿ, ಅಡಿಯಲ್ಲಿ ಉದ್ದ ಗೆರೆ, ಗೆರೆಯ ಕೆಳಗೆ ಎರಡು ಚುಕ್ಕೆ. ಕೆಲಸವಿಲ್ಲದೆ ಮನೆಯಲ್ಲಿ ಕೂತಿದ್ದ ಕಾಲದಲ್ಲಿ ಹಳೆಯ ಪತ್ರಿಕೆಗಳ ಅಂಚಿನಲ್ಲಿ ತಿದ್ದಿ ತೀಡಿ ಕಲಿತದ್ದು. ಪಕ್ಕದಲ್ಲಿದ್ದ ತಾಯಿ ಹೆಬ್ಬೆಟ್ಟು ಒತ್ತುವ ಸರದಿ ಬಂದಾಗ ಕೈ ಹಿಂದಕ್ಕೆ ಎಳೆದುಕೊಂಡಳು.

“ಬೇಡ ಕಣೋ. ಎದ್ದು ಹೋಗೋಣ ಬಾ.”

“ಎದ್ದು ಹೋಗಿ ಎಲ್ಲಮ್ಮಾ ಮಲಗೋದು? ಶನಿವಾರದೊಳಗೆ ಬಾಡಿಗೆ ಬಾಕಿ ಕೊಡದಿದ್ರೆ ಪಾತ್ರೆ ಪಗಡ ಎಲ್ಲ ಬೀದಿಗೆ!”

ವಿಷಯ ಇಷ್ಟೇ. ಅಪ್ಪ ಆ ಕಾರ್ಖಾನೆಯಲ್ಲಿ ಮೂವತ್ತು ವರ್ಷ ಪುಸ್ತಕ ಹೊಲಿದವರು. ಕೊನೆಯ ಇಪ್ಪತ್ತಾರು ತಿಂಗಳು ಮನೆಗೆ ಬಿಡಿಗಾಸು ತರಲಿಲ್ಲ. ಕೇಳಿದರೆ, “ಯಜಮಾನರ ಕೈ ಬಿಗಿಯಾಗಿದೆಯಂತೆ, ಒಟ್ಟಿಗೇ ಕೊಡ್ತಾರಂತೆ” ಎಂದು ಗೋಡೆ ನೋಡುತ್ತಿದ್ದರು. ಮನೆ ನಡೆದದ್ದು ಮಗನ ಸಂಬಳದಲ್ಲಿ. ಅವನೂ ಅಲ್ಲಿಯೇ ಗೋದಾಮಿನ ಮೇಲ್ವಿಚಾರಕ. ಆರು ಕಡೆ ಕೆಲಸ ಕಳೆದುಕೊಂಡು, ಊಟ ಬಿಟ್ಟು ಮೂಲೆ ಹಿಡಿದವನಿಗೆ ಅಂತೂ ಇಂತೂ ದಕ್ಕಿದ ಕುರ್ಚಿ. ಬೆಳಿಗ್ಗೆ ಯಾರೋ ಎಣಿಸಿಟ್ಟ ಪುಸ್ತಕದ ಕಟ್ಟುಗಳನ್ನು ಮಧ್ಯಾಹ್ನ ಮತ್ತೊಮ್ಮೆ ಎಣಿಸುವುದು ಅವನ ಕೆಲಸ.

ದುಡಿಯುವ ಗಂಡಸಿನ ಗತ್ತು ಮಾತ್ರ ಬೇಗ ಬಂತು. ಅಪ್ಪ ಎರಡನೇ ಸಲ ಚಹಾ ಕೇಳಿದರೆ, “ಯಾರ ದುಡ್ಡು ಅಂದ್ಕೊಂಡಿದ್ದೀರ?” ಎನ್ನುತ್ತಿದ್ದ. ಅಪ್ಪ ಚಹಾ ಬಿಟ್ಟರು. ಕಣ್ಣು ಮಂಜಾಗಿದೆ, ಕನ್ನಡಕ ಬದಲಿಸಬೇಕು ಎಂದಾಗ, “ನಿಮ್ಮ ಸಂಬಳ ಬಂದಾಗ ಮಾಡಿಸ್ಕೊಳ್ಳಿ” ಎಂದ. ಅವರು ಮತ್ತೆ ಕೇಳಲಿಲ್ಲ. ಮೂರು ತಿಂಗಳ ಹಿಂದೆ ಮನೆಯ ಮಹಡಿ ಇಳಿಯುವಾಗ ಅವರಿಗೆ ಮೊದಲ ಮೆಟ್ಟಿಲೇ ಕಾಣಲಿಲ್ಲ. ಹೆಣ ಎತ್ತಿದ ವಾರಕ್ಕೇ ಮಗನಿಗೂ ಕಾರ್ಖಾನೆಯ ಬಾಗಿಲು ಮುಚ್ಚಿತು.

“ನೋಡಿ ಮೇಡಂ, ನಾನು ಸೇರಿದ ತಿಂಗಳಿಂದಲೇ ಅಪ್ಪಂಗೆ ನಿಲ್ಲಿಸಿದ್ರು. ಒಂದೇ ಮನೆಗೆ ಎರಡು ಸಂಬಳ ಹೋಗುತ್ತಲ್ಲಾ ಅಂತ ಹೊಟ್ಟೆಕಿಚ್ಚು! ನನಗೇನೋ ಒಂದನೇ ತಾರೀಖಿಗೆ ಸರಿಯಾಗಿ ಕೊಡ್ತಿದ್ರು. ಅದೂ ಹೇಗೆ? ರಿಜಿಸ್ಟರಿನ ಮೇಲೆ ರಟ್ಟು ಮುಚ್ಚಿ, ಸಹಿ ಹಾಕೋಕೆ ಒಂದು ಕಿಂಡಿ ಬಿಟ್ಟು! ಇವರ ಬಂಡವಾಳ ಬಯಲಾಗಬಾರ್ದಲ್ಲ!”

ಅಧಿಕಾರಿ ಯಜಮಾನರತ್ತ ತಿರುಗಿದರು. “ಏನ್ರೀ ಇದು?”

“ಆ ಹಿರಿಯರದ್ದು ಒಂದು ಪೈಸೆನೂ ನಾನು ಇಟ್ಕೊಂಡಿಲ್ಲಮ್ಮ. ತಿಂಗಳು ತಿಂಗಳೂ ಕೊಟ್ಟಿದ್ದೀನಿ.”

“ಅವರ ಕೈಗಾ?”

“ಇಲ್ಲ. ಅವರು ಯಾರಿಗೆ ಕೊಡಿ ಅಂದ್ರೋ ಅವರಿಗೆ. ಹೆಸರು ಹೇಳಲ್ಲ ಅಂತ ಮಾತು ಕೊಟ್ಟಿದ್ದೀನಿ.”

ಮಗ ನಕ್ಕ. ಕೆಟ್ಟದಾಗಿ ನಕ್ಕ.

“ಓಹೋ! ಇನ್ನೊಂದು ಸಂಸಾರ! ಕೇಳಿಸ್ತೇನಮ್ಮಾ? ನನ್ನ ಅನ್ನ ತಿಂದ್ಕೊಂಡು ಇನ್ಯಾರಿಗೋ ದುಡಿದು ಹಾಕ್ತಿದ್ದ ನಿನ್ನ ಗಂಡ!”

“ಬಾಯಿ ಮುಚ್ಚು!” ತಾಯಿಯ ದನಿ ಮೊದಲ ಸಲ ಏರಿತು. “ಅವರ ಬಗ್ಗೆ ಇನ್ನೊಂದು ಮಾತಾಡಿದ್ರೆ ಚೆನ್ನಾಗಿರಲ್ಲ.”

“ಅಂದ್ರೆ ನಿನಗೂ ಗೊತ್ತಿತ್ತು!”

ಆಕೆ ತಲೆ ತಗ್ಗಿಸಿದಳು. ಗೊತ್ತಿತ್ತು.

“ರಿಜಿಸ್ಟರು ತೆಗೀರಿ,” ಮಗ ಯಜಮಾನರ ಮೇಲೆ ಬಾಗಿದ. “ದುಡ್ಡು ಕೊಟ್ಟ ಮೇಲೆ ಸಹಿ ಹಾಕಿಸ್ಕೊಂಡಿರ್ತೀರಲ್ಲ? ಅಪ್ಪನ ಬೆವರು ಕುಡಿದವರು ಯಾರು ಅಂತ ನಾನು ನೋಡಬೇಕು. ಮನೆ ಹುಡುಕ್ಕೊಂಡು ಹೋಗಿ ಅಷ್ಟೂ ಕಕ್ಕಿಸ್ತೀನಿ!”

“ಬೇಡಪ್ಪ.” ಯಜಮಾನರ ದನಿ ಇಳಿದಿತ್ತು. “ನಿನ್ನ ಬಾಡಿಗೆ ಬಾಕಿ ನಾನು ಕಟ್ತೀನಿ. ಇದನ್ನ ಮಾತ್ರ ತೆಗೆಸಬೇಡ.”

“ಲಂಚ! ಮೇಡಂ, ಬರ್ಕೊಳ್ಳಿ, ನಿಮ್ಮೆದುರಿಗೇ ಲಂಚ!”

ಅಧಿಕಾರಿ ಕೈ ಚಾಚಿದರು. ಯಜಮಾನರು ನಿಟ್ಟುಸಿರು ಬಿಟ್ಟು ರಿಜಿಸ್ಟರನ್ನು ಮೇಜಿನ ಮೇಲಿಟ್ಟರು. ಅದು ಅಧಿಕಾರಿಯ ಕೈ ಸೇರುವ ಮೊದಲೇ ಮಗ ಕಿತ್ತುಕೊಂಡ.

ಅಪ್ಪನೇ ಹೊಲಿದ ರಿಜಿಸ್ಟರು. ಬೆನ್ನಿನ ದಾರದ ಗಂಟು ನೋಡಿದರೆ ಗೊತ್ತಾಗುತ್ತಿತ್ತು. ಹಾಳೆಗಳ ನಡುವೆ ಆ ರಟ್ಟೂ ಇತ್ತು. ಕಿಂಡಿಯ ನಾಲ್ಕು ಅಂಚೂ ಕೂದಲೆಳೆಯಷ್ಟೂ ಸೊಟ್ಟವಿರಲಿಲ್ಲ. ಅಷ್ಟು ಒಪ್ಪವಾಗಿ ಕತ್ತರಿಸುವ ಕೈ ಇಡೀ ಕಾರ್ಖಾನೆಯಲ್ಲಿ ಒಂದೇ ಇದ್ದದ್ದು. ಮಗ ರಟ್ಟನ್ನು ನೆಲಕ್ಕೆ ಬಿಸಾಡಿ, ಅಪ್ಪನ ಕೊನೆಯ ತಿಂಗಳಿನ ಹಾಳೆ ತೆರೆದು ಹೆಸರುಗಳ ಮೇಲೆ ಬೆರಳು ಓಡಿಸಿದ.

ಏಳೇ ಹೆಸರು. ಅಪರಿಚಿತರದ್ದು ಒಂದೂ ಇಲ್ಲ. ತನ್ನ ಹೆಸರೂ ಇಲ್ಲ. ಹುಬ್ಬು ಗಂಟಿಕ್ಕಿ ಹಿಂದಿನ ತಿಂಗಳಿನ ಹಾಳೆ ತೆಗೆದ. ಅಲ್ಲೂ ಇಲ್ಲ. ಅದರ ಹಿಂದಿನದರಲ್ಲೂ ಇಲ್ಲ. ಸರಸರನೆ ಮಗುಚುತ್ತಿದ್ದ ಕೈ ಬರಬರುತ್ತ ನಿಧಾನವಾಯಿತು. ಇಪ್ಪತ್ತಾರು ತಿಂಗಳ ಹಾಳೆಗಳಲ್ಲಿ ಅವನ ಹೆಸರು ಒಂದು ಕಡೆಯೂ ಇರಲಿಲ್ಲ.

ಅಪ್ಪನ ಹೆಸರಿತ್ತು. ಅದರ ಮುಂದೆ, ಪ್ರತಿ ತಿಂಗಳೂ ತಪ್ಪದೆ, ಹೆಡೆಯಂಥ ಸುರುಳಿ, ಉದ್ದ ಗೆರೆ, ಎರಡು ಚುಕ್ಕೆ.