ಮದುಮಗಳ ಪಾರ್ಟು

ಪೋಲೆಂಡ್ ದೇಶದ ಕ್ರಾಕೋವ್ ನಗರದಲ್ಲಿ ಲುಡ್ವಿಕ್ ಎಂಬ ಯುವ ನಾಟಕಕಾರನಿದ್ದ.

ಅವನ ನಾಟಕದಲ್ಲಿ ಒಬ್ಬ ಮದುಮಗಳು... "ನನ್ನ ಗಂಡನನ್ನು ಎಲ್ಲಿಟ್ಟಿದ್ದೀರಿ?" ಎಂದು ಅಧಿಕಾರಿಗಳನ್ನು ಕೇಳುತ್ತಾಳೆ.

ಆಗಿನ ಸರ್ಕಾರಕ್ಕೆ ಆ ಪ್ರಶ್ನೆ ಹಿಡಿಸಲಿಲ್ಲ. ಪ್ರದರ್ಶನದ ಹಿಂದಿನ ದಿನವೇ ನಾಟಕ ಬ್ಯಾನ್ ಆಯಿತು.

ಮದುಮಗಳ ಪಾರ್ಟು ಮಾಡಬೇಕಿದ್ದ ನಟಿ ಡನೂಟಾ, ಬಿಳಿ ಗೌನು ಬಿಚ್ಚಿಟ್ಟು ಮನೆಗೆ ಹೋದಳು.

ಲುಡ್ವಿಕ್ ಅಳಲಿಲ್ಲ. ಸಿಟ್ಟೂ ಬರಲಿಲ್ಲ. ಒಳಗೆ ಏನೋ ಮರಗಟ್ಟಿತು... ಅಷ್ಟೆ.

ಆಮೇಲೆ ಸಿನಿಮಾಕ್ಕೆ ಹೋದ. ಯಾರಿಗೂ ನೋವಾಗದ ಕಾಮಿಡಿ ಬರೆದ. ಚಿತ್ರಗಳು ಓಡಿದವು, ಪ್ರಶಸ್ತಿಗಳು ಬಂದವು. ಯಾವುದೂ ಅವನನ್ನು ಮುಟ್ಟಲಿಲ್ಲ.

"ನಾಟಕ ಬರೀರಿ ಸರ್" ಎಂದು ಯಾರಾದರೂ ಕೇಳಿದರೆ, "ಅದೆಲ್ಲ ಇನ್ನು ಆಗಲ್ಲಪ್ಪ" ಅನ್ನುತ್ತಿದ್ದ.

ಕೂದಲು ನೆರೆಯುವ ಹೊತ್ತಿಗೆ ಆ ಸರ್ಕಾರ ಬಿತ್ತು. ಥಿಯೇಟರಿನವರು ಹಳೆಯ ನಾಟಕ ಕೇಳಿಕೊಂಡು ಬಂದರು.

"ಆಡ್ಕೊಳ್ಳಿ" ಅಂದ. ಖುಷಿಯೇನೂ ಆಗಲಿಲ್ಲ.

ಪಾತ್ರ ಕೇಳಲು ಬಂದವರಲ್ಲಿ ಡನೂಟಾ ಇದ್ದಳು. ಇಷ್ಟು ವರ್ಷ ಟೈಲರ್ ಅಂಗಡಿಯಲ್ಲಿ ದುಡಿದು ಬೆನ್ನು ಬಾಗಿತ್ತು.

"ಮದುಮಗಳ ಪಾರ್ಟು ಈಗ..." ಲುಡ್ವಿಕ್ ತಡವರಿಸಿದ.

"ಗೊತ್ತು ಸರ್. ಅವಳ ಅತ್ತೆ ಪಾರ್ಟು ಕೊಡಿ."

"ಅತ್ತೆಗೆ ಮಾತೇ ಇಲ್ವಲ್ಲಮ್ಮ..."

"ಪರವಾಗಿಲ್ಲ. ಸ್ಟೇಜ್ ಮೇಲೆ ನಿಂತಿರ್ತೀನಲ್ಲ."

ಪ್ರದರ್ಶನದ ದಿನ ಹಾಲ್ ತುಂಬಿತ್ತು. ಲುಡ್ವಿಕ್ ಪರದೆಯ ಪಕ್ಕ ಕಲ್ಲಿನಂತೆ ನಿಂತಿದ್ದ.

ಆಗ ಅವನ ಕಣ್ಣು ಡನೂಟಾ ಮೇಲೆ ಬಿತ್ತು...

ಮದುಮಗಳಾದ ಹುಡುಗಿ ಮಾತಾಡುವಾಗಲೆಲ್ಲ, ಹಿಂದೆ ನಿಂತ ಅತ್ತೆಯ ತುಟಿಗಳು ಸದ್ದಿಲ್ಲದೆ ಅಲುಗುತ್ತಿದ್ದವು. ಅದೇ ಮಾತುಗಳು. ಒಂದಕ್ಷರ ತಪ್ಪಿರಲಿಲ್ಲ.

ನಾಟಕ ಮುಗಿದ ಮೇಲೆ ಕೇಳಿದ, "ಇನ್ನೂ ನೆನಪಿದೆಯಾ?"

"ಆಡಬೇಡ ಅಂದ್ರು ಸರ್... ಮರೆತುಬಿಡು ಅಂತ ಯಾರೂ ಹೇಳಲಿಲ್ವಲ್ಲ. ಬಟ್ಟೆ ಹೊಲೀತಾ ಹೇಳ್ಕೊಳ್ತಿದ್ದೆ."

ಲುಡ್ವಿಕ್ ಅಲ್ಲೇ ಮೆಟ್ಟಿಲ ಮೇಲೆ ಕೂತ. ಎಷ್ಟೋ ವರ್ಷಗಳ ಅಳು ಆಗ ಬಂತು...

ಮರುದಿನವೇ ಬರೆಯಲು ಕೂತ. ಚಳಿಗಾಲ ಕಳೆಯುವಷ್ಟರಲ್ಲಿ ಹೊಸ ನಾಟಕ ಸಿದ್ಧವಾಯಿತು. ನಾಯಕಿ ಒಬ್ಬ ಮುದುಕಿ.

ಅದನ್ನು ಹಿಡಿದು ಡನೂಟಾಳ ಮನೆಗೆ ಹೋದ.

"ಈ ಸಲ ಎಲ್ಲಾ ಮಾತೂ ನಿಮ್ದೇ."

ಡನೂಟಾ ಕುರ್ಚಿ ಎಳೆದು ಕೊಟ್ಟಳು.

"ಕೂತ್ಕೊಳ್ಳಿ ಸರ್... ಮೊದಲನೇ ಮಾತು ಓದಿ."

*ಬೇಡ ಎಂದವರು ಒಂದು ಸಲ ಅಂದಿರುತ್ತಾರೆ... ಆಮೇಲೆ ದಿನವೂ ಬೇಡ ಅಂದುಕೊಳ್ಳುವವರು ನಾವೇ.*

"ಇನ್ನು ಆಗಲ್ಲ" ಎಂದು ನೀವು ಬದಿಗಿಟ್ಟ ಕೆಲಸ ಯಾವುದು?