ಸಂಗೀತ ಬೇಕಾದ ಜಾಗ

"ನಿಲ್ಲಿಸಿ, ನಿಲ್ಲಿಸಿ! ನನ್ನ ಮಾತೇ ಕೇಳಿಸ್ತಾ ಇಲ್ಲ!" ಡಾಕ್ಟರ್ ರಾಜಶೇಖರ ಸೋಫಾದಿಂದ ಎದ್ದು ಇಂಗ್ಲಿಷಿನಲ್ಲಿ ಕೂಗಿದರು.

ಇಟಲಿಯ ಸಂಗೀತ ಸಂಯೋಜಕ ಫೌಸ್ತೊ ರಿಮೋಟ್ ಒತ್ತಿದ. ಟಿವಿಯಲ್ಲಿದ್ದ ಇನ್ನೊಬ್ಬ ರಾಜಶೇಖರರು ಬಾಯಿ ತೆರೆದುಕೊಂಡೇ ನಿಂತರು. ಇಂಗ್ಲೆಂಡಿನಲ್ಲಿ ತಾವು ಮಾಡಿದ ಸೇವೆಯ ಬೆಳ್ಳಿಹಬ್ಬಕ್ಕೆಂದು ಡಾಕ್ಟರು ತಮ್ಮ ಬಗ್ಗೆ ತಾವೇ ತೆಗೆಸಿಕೊಂಡ ಸಿನಿಮಾ ಅದು. ಶನಿವಾರ ಕನ್ನಡ ಸಂಘದ ಯುಗಾದಿಯಲ್ಲಿ ಪ್ರದರ್ಶನ. ಸಂಘದ ಗುರುಕಿರಣ್ ಕೀಬೋರ್ಡ್ ನುಡಿಸುತ್ತೇನೆಂದು ದುಂಬಾಲು ಬಿದ್ದಿದ್ದ. ಆದರೆ ಬರ್ಮಿಂಗ್‌ಹ್ಯಾಮಿನಲ್ಲೇ ಇಟಲಿಯವನೊಬ್ಬ ಸಿಕ್ಕಿರುವಾಗ ಗುರುಕಿರಣ್ ಯಾರಿಗೆ ಬೇಕು?

ಫೌಸ್ತೊ ತನ್ನ ಪದ್ಧತಿಯನ್ನು ಮೊದಲೇ ಹೇಳಿದ್ದ: ಚಿತ್ರದಲ್ಲಿರುವವರ ಜೊತೆ ಕೂತು ಮಾತಾಡುತ್ತೇನೆ. ನಿಜ ಇರುವ ಕಡೆ ಸಂಗೀತ ಹಾಕುವುದಿಲ್ಲ, ಸುಳ್ಳಿರುವ ಕಡೆ ಮಾತ್ರ ಹಾಕುತ್ತೇನೆ. "ಕಲೆ ಅಂದ್ರೆ ಇದಪ್ಪಾ!" ಎಂದು ಡಾಕ್ಟರು ಸಿಕ್ಕಸಿಕ್ಕವರಿಗೆಲ್ಲ ಫೋನ್ ಮಾಡಿದ್ದರು. ಅದು ತಮಗೂ ತಟ್ಟೀತೆಂದು ಹೊಳೆಯುವ ಆಸಾಮಿ ಅವರಲ್ಲ ಬಿಡಿ.

ಆಪರೇಷನ್ ದೃಶ್ಯಕ್ಕೆ ಒಂದು ಸ್ವರವೂ ಇರಲಿಲ್ಲ. ಪಾಪ, ಆ ವಿಷಯದಲ್ಲಿ ರಾಜಶೇಖರರು ಒಳ್ಳೆಯ ಡಾಕ್ಟರೇ. ಈಗ ಕೇಳಿಸದೆ ಹೋದ ಮಾತು ಬೇರೆ: "ನನ್ನ ಹೆಂಡತಿ ಚಂದ್ರಿಕಾ ತಾನಾಗಿಯೇ ವೈದ್ಯವೃತ್ತಿ ಬಿಟ್ಟು, ಸಂತೋಷದಿಂದ ಮನೆ ನೋಡಿಕೊಂಡಳು." ಅದರ ಮೇಲೆ ಪಿಟೀಲು, ಡ್ರಮ್ಮು, ಕಹಳೆ ಎಲ್ಲ ಒಟ್ಟಿಗೆ ಮುಗಿಬಿದ್ದಿದ್ದವು.

"ಸಂಗೀತ ಕಡಿಮೆ ಮಾಡಿ," ಎಂದರು ಡಾಕ್ಟರು.

"ಆಗ ಮಾತು ಎಲ್ಲರಿಗೂ ಕೇಳಿಸುತ್ತದೆ. ಪರವಾಗಿಲ್ಲವೇ?" ಎಂದ ಫೌಸ್ತೊ. "ಒಂದು ಸಲ ನಿಮ್ಮ ಹೆಂಡತಿಯನ್ನು ಕೇಳಿ."

ಚಂದ್ರಿಕಾ ಕಾಫಿ ಹಿಡಿದು ಬಾಗಿಲಲ್ಲಿ ನಿಂತಿದ್ದರು. ಫೌಸ್ತೊ ಅವರ ಜೊತೆಯೂ ಮೊದಲೇ ಕೂತು ಮಾತಾಡಿದ್ದ. ಮೈಸೂರಿನಲ್ಲಿ ಮಕ್ಕಳ ಡಾಕ್ಟರಾಗಿದ್ದವರು. ಇಂಗ್ಲೆಂಡಿನಲ್ಲಿ ಡಾಕ್ಟರಾಗಲು ಇಬ್ಬರೂ ಮತ್ತೆ ಪರೀಕ್ಷೆ ಬರೆಯಬೇಕಿತ್ತು. ಬಂದ ಹೊಸದರಲ್ಲಿ ಗಂಡ, "ಮೊದ್ಲು ನನ್ನ ಪರೀಕ್ಷೆ ಮುಗೀಲಿ, ಆಮೇಲೆ ನಿಂದು" ಎಂದಿದ್ದರು. ಅವರ ಪರೀಕ್ಷೆಗಳೆಲ್ಲ ಮುಗಿದವು. ಆಮೇಲೆ ಒಂದು ದಿನ ಹೆಂಡತಿಯ ವೈದ್ಯಕೀಯ ಪುಸ್ತಕಗಳನ್ನು ಕಾರಿಗೆ ತುಂಬಿ ಚಾರಿಟಿ ಅಂಗಡಿಗೆ ಕೊಟ್ಟು ಬಂದವರೂ ಅವರೇ.

"ಹೇಳೇ ಇವನಿಗೆ," ಡಾಕ್ಟರು ಕನ್ನಡಕ್ಕೆ ತಿರುಗಿದರು. "ನೀನಾಗೇ ಬಿಟ್ಟಿದ್ದು ತಾನೆ? ಶನಿವಾರ ಸಂಘದವ್ರೆಲ್ಲ ಕೂತಿರ್ತಾರೆ, ಮರ್ಯಾದೆ ಪ್ರಶ್ನೆ."

"ಯಾರ ಮರ್ಯಾದೆ ರೀ?"

ಡಾಕ್ಟರು ಕಾಫಿಗೆ ಕೈಚಾಚಿದರು. ಚಂದ್ರಿಕಾ ಕೊಡಲಿಲ್ಲ. ಕಾಫಿಯನ್ನು ಮೇಜಿನ ಮೇಲಿಟ್ಟು, ಟಿವಿಯಲ್ಲಿ ತೆರೆದೇ ಇದ್ದ ಗಂಡನ ಬಾಯನ್ನು ನೋಡಿದರು. ಆಮೇಲೆ ಫೌಸ್ತೊನಿಗೆ ಅರ್ಥವಾಗಲೆಂದು ಇಂಗ್ಲಿಷಿನಲ್ಲೇ ಹೇಳಿದರು:

"ಕಡಿಮೆ ಮಾಡಬೇಡಿ. ಇನ್ನೂ ಸ್ವಲ್ಪ ಜೋರು ಮಾಡಿ."