ಹಾಡು ಕಟ್ಟಿದವರ ಹೆಸರು

"ಮೊದಲು ಇದನ್ನ ನಿಮಗೆ ಯಾರು ಕಲಿಸಿದ್ದು, ಅದನ್ನ ಹೇಳಿ ಅಜ್ಜಿ," ಎಂದ ನಿನಿಯನ್.

"ಹಾಡು ಕೇಳೋ ಮುಂಚೆ ಹಾಡಿನ ವಂಶ ಕೇಳೋರನ್ನ ಇವತ್ತೇ ನೋಡಿದ್ದು," ಬೆಸ್ಸಿ ಟರ್ನ್‌ಬುಲ್ ಬೊಚ್ಚುಬಾಯಲ್ಲಿ ನಕ್ಕಳು. "ಕೂತ್ಕೊಳ್ಳಿ ಮೇಷ್ಟ್ರೇ. ಈ ಉಣ್ಣೆ ನೂಲು ಎರಡೂ ಕೈಗೆ ಹಾಕ್ಕೊಳ್ಳಿ, ನಾನು ಉಂಡೆ ಸುತ್ತಬೇಕು. ಸುಮ್ನೆ ಕೂತೋರ ಮುಂದೆ ನನಗೆ ಹಾಡು ಬರಲ್ಲ."

ಅವನು ಲೇಖನಿ ಕೆಳಗಿಟ್ಟು ಕೈ ಚಾಚಿದ.

ಕೆಲ್ಸೊ ಪಟ್ಟಣದ ಶಾಲೆಯ ಮೇಷ್ಟ್ರು ನಿನಿಯನ್ ಪ್ರಿಂಗಲ್ ಹಲವು ವರ್ಷಗಳಿಂದ ಹಳೆಯ ಕಥನಗೀತೆಗಳನ್ನು ಕೂಡಿಸುತ್ತಿದ್ದ. ಎಡಿನ್‌ಬರೋದಲ್ಲಿ ಪುಸ್ತಕ ಅಚ್ಚಿಗೆ ಕಾಯುತ್ತಿತ್ತು. ಒಂದು ಹಾಡು ಮಾತ್ರ ಬಾಕಿ. ಟೀವಿಯಟ್ ಹೊಳೆಯ ಪಾಲಾದ ಗಿಬ್ ಎಂಬ ತಲೆಹೊರೆ ವ್ಯಾಪಾರಿಯ ಹಾಡು.

ಆ ಗಿಬ್ ನಿನಿಯನ್‌ನ ಅಪ್ಪ. ಬೆಸ್ಸಿಗೆ ಅದು ಗೊತ್ತಿರಲಿಲ್ಲ.

ಇಪ್ಪತ್ತಾರು ವರ್ಷದ ಹಿಂದೆ ಗಿಬ್ ಕಾಲು ಜಾರಿ ಹೊಳೆಗೆ ಬಿದ್ದನೆಂದು ಎಲ್ಲರೂ ನಂಬಿದ್ದರು. ಹೆಣ ಸಿಕ್ಕಿರಲಿಲ್ಲ. ಅಮ್ಮ ಹಸುಗೂಸನ್ನು ಎತ್ತಿಕೊಂಡು ಕೆಲ್ಸೊಗೆ ಬಂದು, ಕೈಗವಸು ಹೊಲಿದು ಮಗನನ್ನು ಓದಿಸಿದಳು. ಈ ಬೇಸಿಗೆಯಲ್ಲಿ ನೀರು ಇಂಗಿದಾಗ ಹಳೆಯ ಗಿರಣಿಯ ಮಡುವಿನಲ್ಲಿ ಮೂಳೆಗಳು ಸಿಕ್ಕವು. ಜೊತೆಗೆ ಚರ್ಮದ ಕೋಟು. ಅದರ ಹಿತ್ತಾಳೆ ಗುಂಡಿಗಳ ಮೇಲೆ ಅಪ್ಪನ ಹೆಸರಿನ ಅಕ್ಷರ. ಕೋಟಿನ ಒಳಪದರದಲ್ಲಿ ಐದು ಕಲ್ಲುಗಳನ್ನಿಟ್ಟು ಮೇಣದ ದಾರದಿಂದ ಹೊಲಿದಿದ್ದರು.

ನಿನಿಯನ್ ಮನೆಗೆ ಬಂದವನೇ ತನ್ನ ಟಿಪ್ಪಣಿ ಪುಸ್ತಕ ತೆರೆದ. ಮೂರು ವರ್ಷದ ಹಿಂದೆ ಸಂತೆಯಲ್ಲಿ ಮೀನು ಮಾರುವವಳೊಬ್ಬಳು ಹಾಡಿದ್ದನ್ನು ಅವನದೇ ಕೈ ಬರೆದಿತ್ತು:

ಐದು ಕಲ್ಲ ಹೊತ್ತು ಮಲಗೊ ಗಿಬ್ಬಾ,
ಕೋಟಿನೊಳಗೆ ಹೊಲಿದಾವೆ.

ಮೂಳೆ ಸಿಗುವ ಮೊದಲೇ ಕಲ್ಲಿನ ಲೆಕ್ಕ ಹಾಡಿನಲ್ಲಿತ್ತು. ಕಟ್ಟಿದವರೇ ಕೊಂದವರು.

ಅದನ್ನು ಒಯ್ದು ತೋರಿಸಿದಾಗ ನ್ಯಾಯ ನೋಡುವ ಶೆರಿಫ್ ನಕ್ಕುಬಿಟ್ಟಿದ್ದ. "ಹಾಡು ತಂದು ನೇಣು ಕೇಳ್ತೀರಲ್ಲ ಮೇಷ್ಟ್ರೇ. ನಾಳೆ ಕಟಕಟೆಗೆ ಬೇತಾಳನ್ನ ಸಾಕ್ಷಿ ತರ್ತೀರೇನು?"

ನಿನಿಯನ್ ವಾದ ಮಾಡಲಿಲ್ಲ. ನೇಣು ಒಂದು ಬೆಳಗ್ಗೆಗೆ ಮುಗಿಯುತ್ತದೆ. ಅಚ್ಚಾದ ಹೆಸರು ನೂರು ವರ್ಷ ನೇತಾಡುತ್ತದೆ. 'ಈ ಹಾಡು ಕಟ್ಟಿದವರೇ ಗಿಬ್‌ನನ್ನು ಕೊಂದವರು' ಎಂದು ಹಾಡಿನ ಕೆಳಗೆ ಬರೆದು, ಹೆಸರಿಗೆ ಜಾಗ ಬಿಟ್ಟು ಪ್ರತಿ ಸಿದ್ಧಮಾಡಿದ. ಅವರ ಮಕ್ಕಳು ಮೊಮ್ಮಕ್ಕಳು ಓದಿ ತಲೆ ತಗ್ಗಿಸಿ ನಡೆಯಲಿ.

"ಸತ್ತೋರನ್ನ ಯಾಕೆ ಎಬ್ಬಿಸ್ತೀಯ ಮಗಾ? ಬಿಟ್ಟುಬಿಡು," ಎಂದು ಅಮ್ಮ ಎರಡು ಸಲ ಹೇಳಿದಳು. ಅವನು ಕೇಳಲಿಲ್ಲ.

ಮೀನಿನವಳು ಹಾಡನ್ನು ಕಲಿತದ್ದು ಗಿರಣಿಯವನ ಹೆಂಡತಿಯಿಂದ. ಅವಳು ಕಲಿತದ್ದು ಬೆಸ್ಸಿಯಿಂದ. ಗಿಬ್ ಸತ್ತ ಕಾಲದಲ್ಲಿ ಬೆಸ್ಸಿ ಕೆಲಸಕ್ಕಿದ್ದದ್ದು ಹೊಳೆ ದಾಟುವಲ್ಲಿನ ಡ್ಯಾಂಡ್ ಎಲಿಯಟ್‌ನ ಹೆಂಡದಂಗಡಿಯಲ್ಲಿ. ಅಂಗಡಿ ಇಡುವ ಮೊದಲು ಡ್ಯಾಂಡ್ ಕುದುರೆಯ ಜೀನು ಹೊಲಿಯುತ್ತಿದ್ದ. ಗಿಬ್‌ಗೂ ಅವನಿಗೂ ಹೊಡೆದಾಟವಾದದ್ದನ್ನು ನೋಡಿದವರಿದ್ದರು. ಈಗ ಅವನು ಚರ್ಚಿನ ಹಿರಿಯ, ಭಾನುವಾರ ಮುಂದಿನ ಬೆಂಚು. ಖಾಲಿ ಜಾಗದಲ್ಲಿ ಆ ಹೆಸರನ್ನು ನಿನಿಯನ್ ಮನಸ್ಸಿನಲ್ಲೇ ನೂರು ಸಲ ಬರೆದಾಗಿತ್ತು. ಬೆಸ್ಸಿಯ ಬಾಯಿಂದ ಬರಬೇಕಿತ್ತು, ಅಷ್ಟೆ.

ಬೆಸ್ಸಿ ನೂಲು ಸುತ್ತುತ್ತಾ ಶುರುಮಾಡಿದಳು. ಉಳಿದವರೆಲ್ಲ ಹೊಳೆಯ ದಡದ ನುಡಿಯಿಂದ ಹಾಡು ಶುರುಮಾಡುತ್ತಿದ್ದರು. ಇವಳ ಹಾಡು ಅದಕ್ಕೂ ಹಿಂದಿನಿಂದ ಹೊರಟಿತು:

ತೊಟ್ಟಿಲ ಮೇಲೆ ಎತ್ತಿದ ಕೈ
ತಣ್ಣೀರಲ್ಲಿ ತಂಗಲಿ,
ಬಾಗಿಲ ಒದ್ದ ಕಾಲು ಗಿಬ್ಬಾ,
ಪಾಚಿಯೊಳಗೆ ಸಿಕ್ಕಲಿ.

ಈ ನುಡಿಯನ್ನು ಅವನು ಯಾರ ಬಾಯಲ್ಲೂ ಬರೆದುಕೊಂಡಿರಲಿಲ್ಲ. ಆದರೂ ಕೊನೆಯ ಸಾಲು ಅವಳಿಗಿಂತ ಮೊದಲೇ ಅವನ ತುಟಿಗೆ ಬಂತು. ಹಾಡು ಕೂಡಿಸಿ ಕೂಡಿಸಿ ಬಂದ ಅಭ್ಯಾಸ ಎಂದುಕೊಂಡ. ಡ್ಯಾಂಡ್‌ನ ಮಕ್ಕಳೂ ಆಗ ತೊಟ್ಟಿಲಲ್ಲೇ ಇದ್ದಿರಬೇಕು. ಎಲ್ಲ ಕೂಡಿಬರುತ್ತಿತ್ತು.

"ಎಲ್ಲ ಬಿಟ್ಟು ಈ ನುಡೀನೇ ಯಾಕೆ ಮರೆತರು?" ಎಂದ.

"ಅದು ಗಂಡಸರಿಗೆ ಹಿಡಿಸಲ್ಲ. ಹೆಂಡದಂಗಡೀಲಿ ಹಾಡಿದ್ರೆ ಮಗ್ಗು ಎಸೀತಾರೆ."

"ಕಟ್ಟಿದ್ದು ಡ್ಯಾಂಡ್ ಎಲಿಯಟ್ ತಾನೆ ಅಜ್ಜಿ?"

"ಡ್ಯಾಂಡಾ? ಅವನು ಚರ್ಚಲ್ಲಿ ಕೀರ್ತನೆ ಎತ್ತಿದ್ರೆ ಹೊರಗೆ ಹಸು ಹಾಲು ಇಳಿಸಲ್ಲ. ಅವನೆಲ್ಲಿ ಹಾಡು ಕಟ್ಟಿಯಾನು," ಬೆಸ್ಸಿ ನಕ್ಕು ನಕ್ಕು ಕಣ್ಣೊರೆಸಿಕೊಂಡಳು. "ಕೈ ಅಲ್ಲಾಡಿಸಬೇಡಿ, ನೂಲು ಗಂಟಾಗತ್ತೆ."

"ಮತ್ಯಾರು?"

"ಗಿಬ್‌ನ ಹೆಂಡ್ತಿ. ಊರು ಬಿಟ್ಟು ಹೋಗೋ ದಿನ ನಮ್ಮ ಒಲೆ ಮುಂದೆ ಕೂತು ಕೂಸು ಮಲಗಿಸ್ತಾ ಹಾಡ್ತಿದ್ಳು. ಏನು ಹಾಡಿದ್ರೂ ಅಳ್ತಿದ್ದ ಮಗು, ಈ ನುಡಿ ಬಂದ್ರೆ ಮಾತ್ರ ಕಣ್ಣು ಮುಚ್ತಿತ್ತು."